ಹೊಲದ ದಾರಿಯ ತಕರಾರು ಮತ್ತು ಪೊಲೀಸ್ ಠಾಣೆ

ಬೀಜ, ಗೊಬ್ಬರ, ನೀರು ಇವುಗಳ ಬಗ್ಗೆ ಕೃಷಿ ಪತ್ರಿಕೆಗಳಲ್ಲಿ ಬರೆದಷ್ಟು ಹೊಲದ ದಾರಿಯ ಬಗ್ಗೆ ಬರೆದುದು ಕಡಿಮೆ. ಆದರೆ ದಾರಿಯಿಲ್ಲದ ಜಮೀನಿಗೆ ಎಂಥ ಸುಧಾರಿತ ತಳಿ ತಂದರೂ ಪ್ರಯೋಜನ ಅಷ್ಟಕ್ಕಷ್ಟೆ. ಕಡಿದ ಕಬ್ಬು ಗದ್ದೆಯಲ್ಲೇ ಬಿದ್ದಷ್ಟು ದಿನ ತೂಕವೂ ಇಳಿಯುತ್ತದೆ, ಸಕ್ಕರೆ ಅಂಶವೂ ಇಳಿಯುತ್ತದೆ. ಬಿಡಿಸಿದ ಟೊಮೇಟೊ ಒಂದು ದಿನ ತಡವಾದರೆ ಅಂದಿನ ಮಾರುಕಟ್ಟೆ ದರ ಕೈತಪ್ಪುತ್ತದೆ. ಕೊಟ್ಟಿಗೆ ಗೊಬ್ಬರವನ್ನು ಮಂಕರಿಯಲ್ಲಿ ತಲೆಯ ಮೇಲೆ ಹೊತ್ತು ಎಕರೆಗೆ ಎಷ್ಟು ಹಾಕಲಾದೀತು? ಇಂಥ ದಾರಿಗೆ ಒಂದು ಬೆಳಿಗ್ಗೆ ಪಕ್ಕದ ಜಮೀನಿನವರು ಕಲ್ಲುಕಂಬ ನೆಟ್ಟು ಮುಳ್ಳುತಂತಿ ಎಳೆದರೆ, ಅಥವಾ ಅಡ್ಡಲಾಗಿ ಗುಂಡಿ ತೋಡಿಸಿದರೆ, ಬೇಸಾಯಗಾರನು ಮೊದಲು ಓಡುವುದು ಪೊಲೀಸ್ ಠಾಣೆಗೆ.

ಠಾಣೆಯಲ್ಲಿ ಸಾಮಾನ್ಯವಾಗಿ ಎರಡರಲ್ಲಿ ಒಂದು ನಡೆಯುತ್ತದೆ. ಅರ್ಜಿಯನ್ನು ಓದಿ, ಇದು ಸಿವಿಲ್ ಸ್ವರೂಪದ ವ್ಯಾಜ್ಯ, ನ್ಯಾಯಾಲಯದಲ್ಲಿ ಪರಿಹರಿಸಿಕೊಳ್ಳತಕ್ಕದ್ದು ಎಂದು ಹಿಂಬರಹ ಕೊಟ್ಟು ಕಳಿಸುವುದು ಒಂದು. ಎದುರು ಪಾರ್ಟಿಯನ್ನು ಕರೆಸಿ, ಗದರಿಸಿ, ಬಿಳಿ ಹಾಳೆಯ ಮೇಲೆ ರಾಜಿ ಬರೆಸಿ ಸಹಿ ಹಾಕಿಸುವುದು ಇನ್ನೊಂದು. ಈ ಎರಡೂ ಸರಿಯಲ್ಲವೆಂಬುದು ನನ್ನ ಅಭಿಪ್ರಾಯ. ಪೊಲೀಸರು ದಾರಿ ಬಿಡಿಸುವವರೂ ಅಲ್ಲ, ದಾರಿ ಮುಚ್ಚಿಸುವವರೂ ಅಲ್ಲ. ಆದರೆ ಅವರು ಮಾಡಲೇಬೇಕಾದ ಕೆಲಸವೊಂದಿದೆ. ಅದು ತಡವಾದರೆ ರೈತನ ಪರಿಹಾರದ ಒಂದು ಬಾಗಿಲೇ ಮುಚ್ಚಿಹೋಗುತ್ತದೆ.

ತಕರಾರು ಹೆಚ್ಚಲು ಕಾರಣ

ಕೃಷಿ ಗಣತಿಯ ಪ್ರಕಾರ 1970-71ರಲ್ಲಿ ಕರ್ನಾಟಕದ ಸರಾಸರಿ ಹಿಡುವಳಿ 3.20 ಹೆಕ್ಟೇರ್ ಇದ್ದಿತು. 2015-16ರ ಗಣತಿಗೆ ಅದು 1.36 ಹೆಕ್ಟೇರಿಗೆ ಇಳಿದಿತ್ತು. ಒಂದು ಜಮೀನು ಎರಡಾದಾಗ, ಮೂರಾದಾಗ, ರಸ್ತೆಯ ಕಡೆಯ ಪಾಲು ಒಬ್ಬನಿಗೆ ಬಂದರೆ ಹಿಂದಿನ ಪಾಲು ಇನ್ನೊಬ್ಬನಿಗೆ. ಅಪ್ಪ ಇದ್ದಷ್ಟು ಕಾಲ ಎಲ್ಲರೂ ಎಲ್ಲೆಲ್ಲಿಂದಲೋ ಓಡಾಡುತ್ತಿರುತ್ತಾರೆ. ವಿಭಾಗಪತ್ರ ಬರೆಯುವಾಗ ಬಾವಿಯ ಪಾಲು, ಮಾವಿನ ಮರದ ಪಾಲು, ಪಂಪುಸೆಟ್ಟಿನ ಸರದಿ ಎಲ್ಲವನ್ನೂ ಬರೆಸುತ್ತಾರೆ. ದಾರಿಯನ್ನು ಮಾತ್ರ ಬರೆಸುವುದಿಲ್ಲ. ಅಣ್ಣತಮ್ಮಂದಿರ ಮಧ್ಯೆ ಅದೇನು ಬರೆಯುವುದು ಎಂಬ ದಾಕ್ಷಿಣ್ಯ. ಮುಂದಿನ ತಲೆಮಾರಿನಲ್ಲಿ ಮುಂದಿನ ಪಾಲು ಹೊರಗಿನವರಿಗೆ ಮಾರಾಟವಾದಾಗ ಆ ದಾಕ್ಷಿಣ್ಯಕ್ಕೆ ಬೆಲೆ ತೆರಬೇಕಾಗುತ್ತದೆ.

ಎರಡನೆಯದು ಯಂತ್ರ. ಎತ್ತಿನ ಗಾಡಿಯ ಜಾಡಿನಲ್ಲಿ ಟ್ರೇಲರ್ ಕಟ್ಟಿದ ಟ್ರ್ಯಾಕ್ಟರು ತಿರುಗುವುದಿಲ್ಲ. ಕಟಾವು ಯಂತ್ರವಂತೂ ಒಳಗೇ ಬಾರದು. ದಾರಿ ಕೇಳುವವನು ಹಳೆಯ ದಾರಿಯನ್ನೇ ಕೇಳುತ್ತಿದ್ದೇನೆ ಎನ್ನುತ್ತಾನೆ. ಕೊಡುವವನು ನನ್ನ ನಾಲ್ಕು ಸಾಲು ಬೆಳೆ ಪ್ರತಿ ವರ್ಷವೂ ಚಕ್ರದಡಿ ಹೋಗುತ್ತಿದೆ ಎನ್ನುತ್ತಾನೆ. ಇಬ್ಬರ ಮಾತಿನಲ್ಲೂ ನಿಜವಿದೆ. ಎಕರೆಗೆ ಲಕ್ಷಗಟ್ಟಲೆ ಬೆಲೆ ಬಂದಿರುವ ಈ ಕಾಲದಲ್ಲಿ ಹತ್ತಡಿ ಅಗಲದ ದಾರಿ ಎಂದರೆ ಸಣ್ಣ ಮಾತಲ್ಲ. ನೂರು ಅಡಿ ಉದ್ದಕ್ಕೆ ಸಾವಿರ ಚದರಡಿ, ಅಂದರೆ ಹತ್ತಿರ ಹತ್ತಿರ ಒಂದು ಗುಂಟೆ ಹೋಯಿತು.

ಮೂರನೆಯ ಕಾರಣವನ್ನು ಯಾರೂ ಹೇಳುವುದಿಲ್ಲ. ಹಿಂದೆ ಹಳ್ಳಿಯಲ್ಲಿ ಪಟೇಲರು ಶಾಂತಿಪಾಲನೆ ನೋಡುತ್ತಿದ್ದರು, ಶಾನುಭೋಗರು ನಕ್ಷೆ ಲೆಕ್ಕ ನೋಡುತ್ತಿದ್ದರು. ದಾರಿಯ ಜಗಳ ಇಬ್ಬರಿಗೂ ಸೇರಿದ್ದು. ಇಬ್ಬರೂ ಒಂದೇ ಊರಿನಲ್ಲಿದ್ದರು. ವಂಶಪಾರಂಪರ್ಯದ ಗ್ರಾಮ ಹುದ್ದೆಗಳನ್ನು 1961ರ ಕಾಯಿದೆ ರದ್ದು ಮಾಡಿದ್ದು ನ್ಯಾಯವೇ ಆಗಿತ್ತು. ಆ ವ್ಯವಸ್ಥೆಯಲ್ಲಿ ಬಡವನ ದಾರಿ ಪಟೇಲರ ಮರ್ಜಿಯ ಮೇಲೆ ನಿಂತಿತ್ತು ಎಂಬುದನ್ನು ಮರೆಯಕೂಡದು. ಆದರೆ ಅಲ್ಲಿಂದ ಈಚೆಗೆ ಶಾಂತಿಯ ಕೆಲಸ ಠಾಣೆಗೆ, ನಕ್ಷೆಯ ಕೆಲಸ ತಾಲ್ಲೂಕು ಕಚೇರಿಗೆ, ಹಕ್ಕಿನ ತೀರ್ಮಾನ ನ್ಯಾಯಾಲಯಕ್ಕೆ ಹಂಚಿಹೋಯಿತು. ರೈತ ಮೂರು ಬಾಗಿಲಿನ ನಡುವೆ ಓಡಾಡುತ್ತಾನೆ, ಮೂರೂ ಕಡೆ ಇನ್ನೊಂದು ಬಾಗಿಲನ್ನು ತೋರಿಸುತ್ತಾರೆ.

ಹಕ್ಕಿನ ದಾರಿ ಮತ್ತು ಸಲಿಗೆಯ ದಾರಿ

ಪೊಲೀಸರ ಪಾತ್ರವೇನೆಂದು ಹೇಳುವ ಮೊದಲು ದಾರಿಗಳಲ್ಲಿ ಬಗೆಗಳಿರುವುದನ್ನು ತಿಳಿಯಬೇಕು. ಎಲ್ಲ ದಾರಿಗಳೂ ಒಂದೇ ಅಲ್ಲ.

ಗ್ರಾಮ ನಕ್ಷೆಯಲ್ಲಿ ಗಾಡಿ ದಾರಿ ಅಥವಾ ಕಾಲುದಾರಿ ಎಂದು ಗುರುತಾಗಿರುವುದು, ಇಲ್ಲವೆ ‘ಬ’ ಖರಾಬು ಎಂದು ಬಿಟ್ಟಿರುವುದು ಸಾರ್ವಜನಿಕರದು. ಅಂಥದನ್ನು ಯಾರ ಪಹಣಿಯೊಳಗೆ ಸೇರಿಸಿಕೊಂಡು ಉತ್ತರೂ ಅದು ಒತ್ತುವರಿಯೇ. ಅಲ್ಲಿ ಹಕ್ಕಿನ ವಾದವೇ ಏಳುವುದಿಲ್ಲ. ಅಳತೆ ಮಾಡಿ ತೆರವುಗೊಳಿಸುವುದು ತಹಸೀಲ್ದಾರರ ಕೆಲಸ, ಅವರಿಗೆ ಬಂದೋಬಸ್ತು ಒದಗಿಸುವುದು ಪೊಲೀಸರ ಕೆಲಸ. ರಾಜ್ಯದ ಕಂದಾಯ ಇಲಾಖೆಯು 2023ರಲ್ಲಿ ಈ ಬಗ್ಗೆ ತಹಸೀಲ್ದಾರರಿಗೆ ಸುತ್ತೋಲೆಯನ್ನೂ ಕಳುಹಿಸಿತು. ಆದ್ದರಿಂದ ತಕರಾರು ಎದ್ದ ಕೂಡಲೇ ಮಾಡತಕ್ಕ ಮೊದಲ ಕೆಲಸ ಗ್ರಾಮ ನಕ್ಷೆಯ ಪ್ರತಿ ತೆಗೆಸುವುದು. ಠಾಣೆಗೆ ಹೋಗುವ ಮೊದಲೇ ಅದು ಕೈಯಲ್ಲಿರಬೇಕು.

ನಕ್ಷೆಯಲ್ಲಿಲ್ಲದ ದಾರಿ ಖಾಸಗಿ ದಾರಿ. ಇದಕ್ಕೆ 1882ರ ಭಾರತೀಯ ಅನುಭೋಗ ಹಕ್ಕುಗಳ ಕಾಯಿದೆಯೇ ಆಧಾರ. ದಾರಿಯಿಲ್ಲದ ಜಮೀನಿಗೆ ಪಕ್ಕದವರು ಯಾರಾದರೂ ದಾರಿ ಕೊಡಲೇಬೇಕು ಎಂಬ ನಂಬಿಕೆ ರೈತರಲ್ಲಿ ಬಹಳವಾಗಿದೆ. ಕಾಯಿದೆ ಹಾಗೆ ಹೇಳುವುದಿಲ್ಲ. ಅಗತ್ಯದ ದಾರಿ ಎಂಬುದು ಹುಟ್ಟುವುದು ಎರಡೂ ಜಮೀನು ಒಂದು ಕಾಲಕ್ಕೆ ಒಬ್ಬನದೇ ಆಗಿದ್ದು, ಮಾರಾಟ, ವಿಭಾಗ ಅಥವಾ ಮರಣಶಾಸನದಿಂದ ಬೇರೆಯಾದಾಗ ಮಾತ್ರ. ಆಗಲೂ ದಾರಿ ಯಾವ ಕಡೆ ಬಿಡಬೇಕೆಂದು ಗೊತ್ತುಮಾಡುವ ಅಧಿಕಾರ ಬಿಡುವವನದು. ಅದು ನಡೆಯಲು ತಕ್ಕಷ್ಟು ಅನುಕೂಲವಾಗಿರಬೇಕು, ಅಷ್ಟೆ. ಹಿಂದಿನ ಪಾಲಿನವನು ಮುಂದೆ ಎಂದಾದರೂ ರಸ್ತೆ ತಗಲುವ ಇನ್ನೊಂದು ತುಂಡು ಕೊಂಡುಕೊಂಡರೆ ಅಗತ್ಯ ತೀರಿತು, ಆ ಹಕ್ಕೂ ತೀರಿತು. ಆದರೆ ಪತ್ರದಲ್ಲಿ ಬರೆದುಕೊಟ್ಟ ದಾರಿ ಹಾಗೆ ತೀರುವುದಿಲ್ಲ ಎಂದು ಸುಪ್ರೀಂ ಕೋರ್ಟು ಹೀರೋ ವಿನೋತ್ ವಿರುದ್ಧ ಶೇಷಮ್ಮಾಳ್ ಎಂಬ 2006ರ ಮೊಕದ್ದಮೆಯಲ್ಲಿ ಸ್ಪಷ್ಟಪಡಿಸಿದೆ. ವಿಭಾಗಪತ್ರದಲ್ಲಿ ಒಂದು ಸಾಲು ದಾರಿಗಾಗಿ ಬರೆಸುವುದರ ಬೆಲೆ ಇದರಿಂದ ಗೊತ್ತಾಗುತ್ತದೆ.

ಪೂರ್ತಿ ಬೇರೆಯವನ ಜಮೀನಿನಲ್ಲಿ ಹಕ್ಕು ಬರಬೇಕಾದರೆ 20 ವರ್ಷ ಬಹಿರಂಗವಾಗಿ, ತಕರಾರಿಲ್ಲದೆ, ತಡೆಯಿಲ್ಲದೆ, ತನ್ನ ಹಕ್ಕೆಂದೇ ನಡೆದಿರಬೇಕು. ಸರ್ಕಾರಿ ಜಮೀನಾದರೆ 30 ವರ್ಷ. ಕೇಳಿಕೊಂಡು, ಒಪ್ಪಿಗೆ ಪಡೆದು ನಡೆದದ್ದು ಎಷ್ಟು ವರ್ಷವಾದರೂ ಹಕ್ಕಾಗುವುದಿಲ್ಲ, ಅದು ಸಲಿಗೆ. ಕೊಟ್ಟವನು ಅದನ್ನು ಹಿಂದಕ್ಕೆ ಪಡೆಯಬಹುದು. ಹಳ್ಳಿಗಳಲ್ಲಿ ಜಗಳವಾಗುವ ದಾರಿಗಳಲ್ಲಿ ಬಹುಪಾಲು ಈ ಎರಡರ ನಡುವೆ ನಿಂತವು. ನಲವತ್ತು ವರ್ಷದಿಂದ ನಡೆಯುತ್ತಿದ್ದೇವೆ ಎಂದು ಒಬ್ಬರು, ನಮ್ಮ ತಾತ ಪಾಪವೆಂದು ಬಿಟ್ಟದ್ದು ಎಂದು ಇನ್ನೊಬ್ಬರು. ಇದನ್ನು ತೀರ್ಮಾನಿಸಲು ಸಾಕ್ಷಿ ಬೇಕು, ದಾಖಲೆ ಬೇಕು, ಪಾಟೀಸವಾಲು ಬೇಕು. ಠಾಣೆಯ ಮೇಜಿನ ಮುಂದೆ ಅರ್ಧ ಗಂಟೆಯಲ್ಲಿ ಆಗತಕ್ಕ ಕೆಲಸವಲ್ಲ. ಈ ಮಟ್ಟಿಗೆ ಪೊಲೀಸರು ಸಿವಿಲ್ ವ್ಯಾಜ್ಯ ಎನ್ನುವುದು ನಿಜ.

ಬೇಲಿ ಕಿತ್ತವನೇ ಆರೋಪಿ

ದಾರಿ ತಡೆಯುವುದು ಅಪರಾಧವಲ್ಲವೇ ಎಂದು ರೈತರು ಕೇಳುತ್ತಾರೆ. ನಡೆಯುವ ಹಕ್ಕಿರುವವನನ್ನು ತಡೆಯುವುದು ಅಕ್ರಮ ತಡೆ. ಹಿಂದೆ ಇದು ದಂಡ ಸಂಹಿತೆಯ 341ನೇ ಕಲಮಿನಲ್ಲಿತ್ತು. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 126ನೇ ಕಲಮಿನಲ್ಲಿದೆ. ಶಿಕ್ಷೆ ಒಂದು ತಿಂಗಳವರೆಗೆ ಸಾದಾ ಸಜೆ, ಇಲ್ಲವೆ 5,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಪೊಲೀಸರು ವಾರಂಟಿಲ್ಲದೆ ಕ್ರಮ ಕೈಗೊಳ್ಳಬಹುದಾದ ಅಪರಾಧ ಅದು. ಆದರೆ ಆ ಕಲಮಿಗೇ ಒಂದು ವಿನಾಯಿತಿಯಿದೆ, ಅದನ್ನು ಅರ್ಜಿ ಬರೆದುಕೊಡುವವರು ಯಾರೂ ಹೇಳುವುದಿಲ್ಲ. ಖಾಸಗಿ ದಾರಿಯನ್ನು ತಡೆಯಲು ತನಗೆ ಹಕ್ಕಿದೆ ಎಂದು ಒಬ್ಬನು ಸದ್ಭಾವನೆಯಿಂದ ನಂಬಿ ತಡೆದರೆ ಅದು ಅಪರಾಧವಲ್ಲ. ನಮ್ಮ ತಾತ ಸಲಿಗೆಯಿಂದ ಬಿಟ್ಟದ್ದು ಎಂದು ಪ್ರಾಮಾಣಿಕವಾಗಿ ನಂಬಿರುವ ರೈತನನ್ನು ಈ ಕಲಮಿನಲ್ಲಿ ಹಿಡಿದು ಹಾಕುವುದು ಕಾನೂನಿಗೆ ಒಪ್ಪಿತವಲ್ಲ. ಹಾಗೆಂದು ನಂಬಿಕೆಯ ಹೆಸರು ಹೇಳಿ ಯಾರು ಬೇಕಾದರೂ ಪಾರಾಗಲಾರರು. ದಾರಿ ಬಿಡುವುದಾಗಿ ತಾನೇ ನೋಂದಣಿ ಪತ್ರಕ್ಕೆ ಸಹಿ ಹಾಕಿದವನು, ನ್ಯಾಯಾಲಯದಲ್ಲಿ ಸೋತವನು, ಸದ್ಭಾವನೆಯ ಮಾತನಾಡುವಂತಿಲ್ಲ. ಪೊಲೀಸರು ನೋಡಬೇಕಾದ್ದು ಈ ವ್ಯತ್ಯಾಸವನ್ನು.

ಇನ್ನೊಂದು ಕಡೆ, ದಾರಿಯ ಹಕ್ಕುಳ್ಳವನು ರಾತ್ರಿ ಹೋಗಿ ಬೇಲಿ ಕತ್ತರಿಸಿ ಕಂಬ ಕಿತ್ತುಹಾಕುವುದೂ ಉಂಟು. ನನ್ನ ದಾರಿ, ನಾನು ಬಿಡಿಸಿಕೊಂಡೆ ಎಂಬುದು ಅವನ ವಾದ. ಅನುಭೋಗ ಕಾಯಿದೆಯ 36ನೇ ಕಲಂ ಇದನ್ನು ನೇರವಾಗಿ ನಿಷೇಧಿಸಿದೆ: ತಡೆ ಅಕ್ರಮವೇ ಆಗಿದ್ದರೂ ಹಕ್ಕುದಾರನು ತಾನೇ ಅದನ್ನು ತೆಗೆದುಹಾಕಕೂಡದು. ತೆಗೆದರೆ ಆಸ್ತಿ ನಷ್ಟದ ದೂರು, ಅತಿಕ್ರಮ ಪ್ರವೇಶದ ದೂರು ಅವನ ಮೇಲೆ ಬರುತ್ತದೆ. ಆಮೇಲೆ ಪ್ರತಿದೂರು, ಆಮೇಲೆ ಇಬ್ಬರಿಗೂ ಶಾಂತಿಪಾಲನೆಯ ಮುಚ್ಚಳಿಕೆ. ದಾರಿಯ ಪ್ರಶ್ನೆ ಹಿಂದೆ ಸರಿದು ಹೊಡೆದಾಟದ ಪ್ರಶ್ನೆ ಮುಂದೆ ಬರುತ್ತದೆ. ಕಬ್ಬು ಅಲ್ಲೇ ಒಣಗುತ್ತಿರುತ್ತದೆ. ಬೇಲಿ ಹಾಕಿದವನು ಹೊಡೆಯಲು ಬಂದರೆ 112ಕ್ಕೆ ಕರೆ ಮಾಡಿ. ಬೇಲಿಯನ್ನು ಮುಟ್ಟಬೇಡಿ, ಅದರ ಫೋಟೋ ತೆಗೆಯಿರಿ.

ಮೂರು ತಿಂಗಳ ಲೆಕ್ಕ

ಈಗ ಪೊಲೀಸರ ನಿಜವಾದ ಕೆಲಸಕ್ಕೆ ಬರೋಣ. ಜಮೀನು ಅಥವಾ ನೀರನ್ನು ಬಳಸುವ ಹಕ್ಕಿನ ಬಗ್ಗೆ ವ್ಯಾಜ್ಯವಿದ್ದು ಅದರಿಂದ ಶಾಂತಿಭಂಗವಾಗುವ ಸಂಭವವಿದ್ದರೆ ಕಾರ್ಯನಿರ್ವಾಹಕ ದಂಡಾಧಿಕಾರಿ ವಿಚಾರಣೆ ನಡೆಸಿ, ಹಕ್ಕಿದೆಯೆಂದು ಕಂಡರೆ ಅಡ್ಡಿಪಡಿಸಬಾರದೆಂದು ಆಜ್ಞೆ ಮಾಡಬಹುದು. ತಕ್ಕ ಸಂದರ್ಭದಲ್ಲಿ ಅಡ್ಡಿಯನ್ನು ತೆಗೆಸಲೂಬಹುದು. 1973ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಇದು 147ನೇ ಕಲಂ ಆಗಿತ್ತು. ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 166ನೇ ಕಲಂ. ತಾಲ್ಲೂಕಿನಲ್ಲಿ ಈ ದಂಡಾಧಿಕಾರಿ ಎಂದರೆ ತಹಸೀಲ್ದಾರರೇ. ಅವರ ಕೊಠಡಿಯ ನಾಮಫಲಕದಲ್ಲೂ ಹಾಗೆಯೇ ಬರೆದಿರುತ್ತದೆ. ಅವರು ವಿಚಾರಣೆ ಆರಂಭಿಸುವುದು ಪೊಲೀಸ್ ಅಧಿಕಾರಿಯ ವರದಿಯ ಮೇಲೆ, ಅಥವಾ ಬೇರೆ ಮಾಹಿತಿಯ ಮೇಲೆ.

ಇಲ್ಲಿ ಒಂದು ಕಾಲಮಿತಿಯಿದೆ. ವರ್ಷವಿಡೀ ಬಳಸುವ ದಾರಿಯಾದರೆ, ವರದಿ ಅಥವಾ ಮಾಹಿತಿ ದಂಡಾಧಿಕಾರಿಗೆ ತಲುಪಿದ ದಿನದಿಂದ ಹಿಂದಕ್ಕೆ ಮೂರು ತಿಂಗಳೊಳಗೆ ಆ ದಾರಿಯನ್ನು ಬಳಸಿರಬೇಕು. ಇಲ್ಲದಿದ್ದರೆ ಆಜ್ಞೆ ಮಾಡುವಂತಿಲ್ಲ. ಸುಗ್ಗಿಯಲ್ಲಿ ಮಾತ್ರ ಗಾಡಿ ಹೊಡೆಯುವ ದಾರಿಯಾದರೆ ಕಳೆದ ಸುಗ್ಗಿಯಲ್ಲಿ ಬಳಸಿದ್ದರೆ ಸಾಕು.

ಲೆಕ್ಕ ಹಾಕಿ ನೋಡಿ. ಜನವರಿ ಕೊನೆಯಲ್ಲಿ ಬೇಲಿ ಬಿತ್ತು. ಊರಿನ ಹಿರಿಯರು ಮಾತಾಡುತ್ತೇವೆ ಎಂದು ಎರಡು ವಾರ ಹಿಡಿದರು. ಫೆಬ್ರವರಿ ಮಧ್ಯದಲ್ಲಿ ಠಾಣೆಗೆ ಅರ್ಜಿ. ಮಾರ್ಚಿನಲ್ಲಿ ಎರಡು ಸಲ ಕರೆಸಿ ಮಾತುಕತೆ. ಒಂದು ಸಲ ಎದುರು ಪಾರ್ಟಿ ಬರಲಿಲ್ಲ. ಏಪ್ರಿಲ್ ಕೊನೆಯಲ್ಲಿ ಸಿವಿಲ್ ಸ್ವರೂಪ ಎಂಬ ಹಿಂಬರಹ. ಮೇ ಮೊದಲ ವಾರ ತಹಸೀಲ್ದಾರರ ಮುಂದೆ ಹೋದಾಗ ರೈತ ಆ ದಾರಿಯಲ್ಲಿ ಕೊನೆಯ ಸಲ ನಡೆದು ಮೂರು ತಿಂಗಳು ಮೀರಿದೆ. ಠಾಣೆಯವರು ಯಾರ ಪರವೂ ವಹಿಸಲಿಲ್ಲ, ಲಂಚ ಕೇಳಲಿಲ್ಲ, ಕೆಟ್ಟ ಮಾತಾಡಲಿಲ್ಲ. ಆದರೂ ರೈತನ ಕೈಯಲ್ಲಿದ್ದ ಅತ್ಯಂತ ಬೇಗದ, ಅತ್ಯಂತ ಅಗ್ಗದ ಪರಿಹಾರ ತಪ್ಪಿಹೋಯಿತು. ಸಿವಿಲ್ ಸ್ವರೂಪ ಎಂಬ ಹಿಂಬರಹ ಅರ್ಧ ಸತ್ಯ ಎಂದು ನಾನು ಹೇಳುವುದು ಇದಕ್ಕಾಗಿ. ಹಕ್ಕಿನ ತೀರ್ಮಾನ ಸಿವಿಲ್, ನಿಜ. ಆದರೆ ವರದಿ ಕಳುಹಿಸುವುದು ಪೊಲೀಸ್ ಕೆಲಸ.

ನ್ಯಾಯಾಲಯದಲ್ಲೂ ಗಡಿಯಾರ ನಿಂತಿರುವುದಿಲ್ಲ. 20 ವರ್ಷದ ಬಳಕೆಯಿಂದ ಬಂದ ಹಕ್ಕನ್ನು ಹೇಳುವವನ ಆ 20 ವರ್ಷ, ದಾವೆ ಹೂಡುವುದಕ್ಕೆ ಹಿಂದಿನ ಎರಡು ವರ್ಷಗಳೊಳಗೆ ಕೊನೆಗೊಂಡಿರಬೇಕು. ಬೇಲಿ ಬಿದ್ದುದನ್ನು ತಿಳಿದೂ ಒಂದು ವರ್ಷ ಸುಮ್ಮನಿದ್ದರೆ ಬಳಕೆಗೆ ತಡೆ ಬಂದಂತೆಯೇ ಲೆಕ್ಕ. ಆದ್ದರಿಂದ ಠಾಣೆಗೆ ಕೊಟ್ಟ ಅರ್ಜಿಯ ಸ್ವೀಕೃತಿ ಒಂದು ಬೆಲೆಬಾಳುವ ಕಾಗದ. ಅದು ದಾರಿ ಬಿಡಿಸುವುದಿಲ್ಲ. ಆದರೆ ಇಂಥ ದಿನದವರೆಗೆ ನಾವು ನಡೆಯುತ್ತಿದ್ದೆವು, ಇಂಥ ದಿನ ತಡೆದರು, ನಾವು ಸುಮ್ಮನಿರಲಿಲ್ಲ ಎಂಬುದಕ್ಕೆ ಮುಂದೆ ಸಾಕ್ಷಿಯಾಗುತ್ತದೆ. ಅರ್ಜಿಯಲ್ಲಿ ಬೈಗುಳ, ಹಳೆಯ ದ್ವೇಷ, ರಾಜಕೀಯ ಇವುಗಳನ್ನು ತುಂಬದೆ ಸರ್ವೆ ನಂಬರು, ದಾರಿಯ ಅಗಲ, ಕೊನೆಯ ಸಲ ನಡೆದ ದಿನ, ತಡೆ ಹಾಕಿದ ದಿನ ಇವಿಷ್ಟನ್ನು ಬರೆಯುವುದು ಮೇಲು. ಅದರ ಇನ್ನೊಂದು ಪ್ರತಿಯನ್ನು ಅದೇ ದಿನ ತಹಸೀಲ್ದಾರರ ಕಚೇರಿಗೂ ಕೊಟ್ಟು ಸ್ವೀಕೃತಿ ಪಡೆಯಬೇಕು. ಪೊಲೀಸ್ ವರದಿಗಾಗಿ ಕಾಯಬೇಕಾದ್ದಿಲ್ಲ. ಬೇರೆ ಮಾಹಿತಿಯ ಮೇಲೂ ವಿಚಾರಣೆ ಆರಂಭಿಸಬಹುದೆಂದು ಕಾನೂನೇ ಹೇಳುತ್ತದೆ.

ತಹಸೀಲ್ದಾರರ ಆಜ್ಞೆ ಕೊನೆಯ ಮಾತಲ್ಲ. ಅದು ಸಿವಿಲ್ ನ್ಯಾಯಾಲಯದ ತೀರ್ಮಾನಕ್ಕೆ ಒಳಪಟ್ಟದ್ದು. ಸ್ವಾಧೀನದ ವ್ಯಾಜ್ಯವನ್ನು ಕುರಿತ 145ನೇ ಕಲಮಿನ ಬಗ್ಗೆ ಸುಪ್ರೀಂ ಕೋರ್ಟು, ಸಿವಿಲ್ ನ್ಯಾಯಾಲಯ ಅದೇ ವಿಷಯವನ್ನು ನೋಡುತ್ತಿರುವಾಗ ದಂಡಾಧಿಕಾರಿಯ ಮುಂದೆ ಜೋಡಿ ನಡವಳಿ ಬೇಡವೆಂದು ಹೇಳಿತು. ಹೀಗಾಗಿ ಎರಡೂ ಕಡೆ ಒಟ್ಟಿಗೆ ಓಡುವುದರಲ್ಲಿ ಲಾಭವಿಲ್ಲ.

ಶಾಂತವಾಗಿರುವವರ ಗತಿ

ಈ ಕಲಮಿನಲ್ಲಿ ನನಗೆ ಒಪ್ಪಿಗೆಯಾಗದ ಸಂಗತಿಯೊಂದಿದೆ. ಶಾಂತಿಭಂಗದ ಸಂಭವವಿದ್ದರೆ ಮಾತ್ರ ಅದು ಕೆಲಸಕ್ಕೆ ಬರುತ್ತದೆ. ಕುಡುಗೋಲು ಹಿಡಿದು ನಿಂತ ಇಬ್ಬರು ಅಣ್ಣತಮ್ಮಂದಿರ ವ್ಯಾಜ್ಯಕ್ಕೆ ಠಾಣೆಯಿಂದ ವರದಿ ಬೇಗ ಹೋಗುತ್ತದೆ. ಗಂಡ ತೀರಿಕೊಂಡು ಎರಡು ಎಕರೆಯನ್ನು ಒಬ್ಬಳೇ ನೋಡಿಕೊಳ್ಳುವ ಹೆಣ್ಣುಮಗಳ ದಾರಿಗೆ ಮುಳ್ಳು ಹಾಕಿದರೆ ಅವಳು ಯಾರನ್ನೂ ಹೊಡೆಯುವುದಿಲ್ಲ, ಯಾರೂ ಅವಳನ್ನು ಹೊಡೆಯಬೇಕಾಗುವುದೂ ಇಲ್ಲ. ಅವಳು ಸುತ್ತು ಬಳಸಿ ತಲೆಹೊರೆಯಲ್ಲಿ ಬೆಳೆ ತರುತ್ತಾಳೆ. ಊರು ಶಾಂತವಾಗಿದೆ ಎಂದು ಠಾಣೆಯ ದಿನಚರಿಯಲ್ಲಿ ಬರೆಯಬಹುದು. ಜಗಳ ಮಾಡುವವರಿಗೆ ಬೇಗ ಸಿಗುವ ಕಾನೂನು ಜಗಳ ಮಾಡದವರಿಗೆ ತಡವಾಗಿ ಸಿಗುವುದು ನ್ಯಾಯವಲ್ಲ. ನೆರೆಯ ಮಹಾರಾಷ್ಟ್ರದಲ್ಲಿ 1966ರ ಭೂ ಕಂದಾಯ ಸಂಹಿತೆಯ 143ನೇ ಕಲಂ, ಬದುಗಳ ಮೇಲಿನ ದಾರಿಯ ಹಕ್ಕನ್ನು ವಿಚಾರಿಸಿ ತೀರ್ಮಾನಿಸುವ ಅಧಿಕಾರವನ್ನು ತಹಸೀಲ್ದಾರರಿಗೆ ನೇರವಾಗಿ ಕೊಟ್ಟಿದೆ. ಅಲ್ಲಿ ಶಾಂತಿಭಂಗದ ಷರತ್ತಿಲ್ಲ, ಪೊಲೀಸರ ವರದಿ ಬೇಕಿಲ್ಲ. ಒಪ್ಪದವರು ಒಂದು ವರ್ಷದೊಳಗೆ ನ್ಯಾಯಾಲಯಕ್ಕೆ ಹೋಗಬಹುದು. ಅಷ್ಟು ಸ್ಪಷ್ಟವಾದ ಅಧಿಕಾರ ನಮ್ಮ ತಹಸೀಲ್ದಾರರಿಗೂ ಇರುವುದು ಒಳ್ಳೆಯದು. ಆಗ ಠಾಣೆಗಳ ಮೇಲಿನ ಹೊರೆಯೂ ಅರ್ಧ ಇಳಿದೀತು.

ಪರಿಶಿಷ್ಟ ಜಾತಿ, ಪರಿಶಿಷ್ಟ ಪಂಗಡದ ರೈತರ ವಿಷಯದಲ್ಲಂತೂ ಸಿವಿಲ್ ಎಂಬ ಮಾತು ಸುಲಭವಾಗಿ ಬರಕೂಡದು. ಅವರಿಗೆ ಮಂಜೂರಾದ ಜಮೀನುಗಳು ಎಷ್ಟೋ ಕಡೆ ಊರಿನ ಕೊನೆಯಲ್ಲಿ, ಬೇರೆಯವರ ಹಿಡುವಳಿಗಳ ಹಿಂದೆ ಇರುತ್ತವೆ. ಅವರ ಜಮೀನು ಮತ್ತು ನೀರಿನ ಹಕ್ಕಿನ ಅನುಭವಕ್ಕೆ ಅಕ್ರಮವಾಗಿ ಅಡ್ಡಿಪಡಿಸುವುದು, ಸಾರ್ವಜನಿಕ ಸ್ಥಳಕ್ಕೆ ಹೋಗುವ ರೂಢಿಯ ದಾರಿಯನ್ನು ನಿರಾಕರಿಸುವುದು 1989ರ ದೌರ್ಜನ್ಯ ತಡೆ ಕಾಯಿದೆಯಲ್ಲಿ ಅಪರಾಧಗಳು. 2018ರ ತಿದ್ದುಪಡಿಯ ಮೇಲೆ ಪ್ರಥಮ ವರ್ತಮಾನ ವರದಿ ದಾಖಲಿಸಲು ಪ್ರಾಥಮಿಕ ವಿಚಾರಣೆಯೂ ಬೇಕಿಲ್ಲ. ಕರ್ತವ್ಯವನ್ನು ಬೇಕೆಂದೇ ಅಲಕ್ಷಿಸಿದ ಅಧಿಕಾರಿಗೆ ಶಿಕ್ಷೆಯೂ ಇದೆ. ಉಳಿದವರ ದೂರಿನಲ್ಲಿಯೂ ವಾರಂಟಿಲ್ಲದೆ ಕ್ರಮ ಜರುಗಿಸಬಹುದಾದ ಅಪರಾಧ ಮೇಲ್ನೋಟಕ್ಕೆ ಕಂಡರೆ ವರದಿ ದಾಖಲಿಸಲೇಬೇಕೆಂದು ಸುಪ್ರೀಂ ಕೋರ್ಟು 2013ರ ಲಲಿತಾ ಕುಮಾರಿ ಮೊಕದ್ದಮೆಯಲ್ಲಿ ಹೇಳಿದೆ.

ಠಾಣೆಯ ರಾಜಿ

ಠಾಣೆಯ ರಾಜಿಯನ್ನು ನಾನು ಪೂರ್ತಿ ಹಳಿಯುವುದಿಲ್ಲ. ಊರಿನ ಗುಣ ಬಲ್ಲ ದಫೇದಾರರೊಬ್ಬರು ಸ್ಥಳಕ್ಕೆ ಬಂದು, ಬೇವಿನ ಮರದಡಿ ಇಬ್ಬರನ್ನೂ ಕೂರಿಸಿ, ಬದುವಿನ ಆ ಕಡೆ ಎಂಟಡಿ ಬಿಡಿ, ಮಣ್ಣು ನೀವು ಹಾಕಿಸಿಕೊಳ್ಳಿ ಎಂದು ಒಪ್ಪಿಸಿದರೆ ಹತ್ತು ವರ್ಷದ ದಾವೆ ಉಳಿಯುತ್ತದೆ. ಅಂಥವರು ಇದ್ದಾರೆ. ಆದರೆ ಠಾಣೆಯೊಳಗೆ, ಲಾಠಿಯ ನೆರಳಿನಲ್ಲಿ, ಬಿಳಿ ಹಾಳೆಯ ಮೇಲೆ ಮಾಡಿದ ಸಹಿಗೆ ಬಾಳಿಕೆ ಕಡಿಮೆ. ಸಹಿ ಹಾಕಿದವನು ಮಾರನೆಯ ದಿನ ಹೆದರಿಸಿ ಬರೆಸಿಕೊಂಡರು ಎನ್ನುತ್ತಾನೆ. ಅವನು ಜಮೀನು ಮಾರಿದರೆ ಕೊಂಡವನು ಆ ಕಾಗದವನ್ನು ಕಂಡೇ ಇರುವುದಿಲ್ಲ. ಒಪ್ಪಂದ ನಿಜವಾಗಿ ಆಗಿದ್ದರೆ ಅದನ್ನು ತಾಲ್ಲೂಕು ಕಾನೂನು ಸೇವಾ ಸಮಿತಿಯ ಮುಂದೆ ಒಯ್ದು ಲೋಕ ಅದಾಲತ್ತಿನಲ್ಲಿ ದಾಖಲಿಸುವುದು ಮೇಲು. ದಾವೆ ಹೂಡುವ ಮೊದಲೇ ಇದು ಸಾಧ್ಯ, ನ್ಯಾಯಾಲಯ ಶುಲ್ಕವಿಲ್ಲ. 1987ರ ಕಾಯಿದೆಯ ಪ್ರಕಾರ ಆ ತೀರ್ಪು ಡಿಕ್ರಿಗೆ ಸಮ, ಮೇಲ್ಮನವಿಯಿಲ್ಲ. ಪೊಲೀಸರು ಮಾತುಕತೆಗೆ ಕೂರಿಸಲಿ; ಸಹಿ ಅಲ್ಲಿ ಆಗಲಿ.

ತಡೆಯಾಜ್ಞೆ ತಂದವರಿಗೂ ಒಂದು ಮಾತು. ಪ್ರತಿಯನ್ನು ಠಾಣೆಗೆ ತೋರಿಸಿ ಈಗಲೇ ಬಂದು ಬೇಲಿ ಕೀಳಿಸಿ ಎಂದರೆ ಪೊಲೀಸರು ಹಿಂದೆಗೆಯುವುದು ಸೋಮಾರಿತನದಿಂದಲ್ಲ. ಅಡ್ಡಿಪಡಿಸಬೇಡ ಎಂಬ ಆಜ್ಞೆ ಬೇರೆ, ಇದ್ದ ಅಡ್ಡಿಯನ್ನು ತೆಗೆ ಎಂಬ ಆಜ್ಞೆ ಬೇರೆ. ಆಜ್ಞೆ ಮೀರಿದವನನ್ನು ಮೂರು ತಿಂಗಳವರೆಗೆ ಸಿವಿಲ್ ಬಂದೀಖಾನೆಗೆ ಕಳುಹಿಸುವ ಅಧಿಕಾರ ನ್ಯಾಯಾಲಯದ್ದು. ಪೊಲೀಸ್ ರಕ್ಷಣೆ ಬೇಕಿದ್ದರೆ ಅದೇ ನ್ಯಾಯಾಲಯದಿಂದ ಆದೇಶ ಪಡೆಯಬೇಕು. ಆದೇಶ ಬಂದ ಮೇಲೂ ಠಾಣೆ ಕದಲದಿದ್ದರೆ ಆಗ ದೂರುವುದು ನ್ಯಾಯ.

ದಾರಿ ಬಿಟ್ಟವನ ಭಯ

ದಾರಿ ಮುಚ್ಚುವವರೆಲ್ಲ ದುಷ್ಟರಲ್ಲ. ಒಮ್ಮೆ ಬಿಟ್ಟರೆ ಹಕ್ಕಾಗಿಬಿಡುತ್ತದೆ ಎಂಬ ಹೆದರಿಕೆಯಿಂದ ಮುಚ್ಚುವವರೇ ಹೆಚ್ಚು. ಇವರಿಗೆ ಕಾನೂನಿನಲ್ಲಿ ರಕ್ಷಣೆ ಇದೆ, ಅದು ಅವರಿಗೆ ತಿಳಿದಿಲ್ಲ. ಹಕ್ಕಿನ ದಾರಿಯನ್ನೂ ಜಮೀನಿನವನಿಗೆ ಆದಷ್ಟು ಕಡಿಮೆ ತೊಂದರೆಯಾಗುವಂತೆ ಬಳಸಬೇಕು. ಇಡೀ ಹೊಲದಲ್ಲಿ ಎಲ್ಲೆಂದರಲ್ಲಿ ಗಾಡಿ ಹೊಡೆಯದೆ ಗೊತ್ತಾದ ಒಂದೇ ಗೆರೆಯಲ್ಲಿ ನಡೆಯಿರಿ ಎಂದು ಅವನು ಹೇಳಬಹುದು. ಬಳಸುವ ರೀತಿ ಬದಲಾಯಿಸಿ ಹೊಸ ಹೊರೆ ಹೊರಿಸುವಂತಿಲ್ಲ. ಕೃಷಿಗೆಂದು ಇದ್ದ ದಾರಿ ನಾಳೆ ಜಲ್ಲಿ ಕ್ವಾರಿಯ ಲಾರಿಗಳ ದಾರಿಯಾಗಕೂಡದು.

ಸಲಿಗೆಯಿಂದ ದಾರಿ ಬಿಡುವವರು ಅದನ್ನು ಕಾಗದದಲ್ಲಿ ಬರೆದುಕೊಂಡರೆ ಭಯಕ್ಕೆ ಕಾರಣವಿಲ್ಲ. ಇಂಥ ಸರ್ವೆ ನಂಬರಿನ ಉತ್ತರದ ಬದುವಿನ ಮೇಲೆ, ಇಷ್ಟು ಅಡಿ ಅಗಲದಲ್ಲಿ, ಈ ವರ್ಷದ ಸುಗ್ಗಿಯಲ್ಲಿ ಬೆಳೆ ಸಾಗಿಸಲು ನನ್ನ ಒಪ್ಪಿಗೆಯ ಮೇರೆಗೆ ಬಳಸುತ್ತಿದ್ದಾರೆ, ಇದರಿಂದ ಅವರಿಗೆ ಹಕ್ಕು ಬರುವುದಿಲ್ಲ ಎಂದು ಎರಡು ಸಾಲು, ಇಬ್ಬರ ಸಹಿ, ಇಬ್ಬರು ಸಾಕ್ಷಿ. ಪ್ರತಿ ವರ್ಷವೂ ಹೊಸದಾಗಿ ಬರೆದುಕೊಳ್ಳಬೇಕು. ಒಪ್ಪಿಗೆಯ ಮೇಲೆ ನಡೆದ ವರ್ಷಗಳು 20 ವರ್ಷದ ಲೆಕ್ಕಕ್ಕೆ ಸೇರುವುದಿಲ್ಲ. ಶಾಶ್ವತವಾಗಿ ಕೊಡುವುದಾದರೆ ಬೆಲೆ ಗೊತ್ತುಮಾಡಿ, ಸರ್ವೆಯವರಿಂದ ನಕ್ಷೆ ಮಾಡಿಸಿ, ಉಪ ನೋಂದಣಾಧಿಕಾರಿಗಳ ಕಚೇರಿಯಲ್ಲಿ ಪತ್ರ ನೋಂದಾಯಿಸಿ, ಪಹಣಿಯ 11ನೇ ಕಾಲಮಿನ ಇತರೆ ಹಕ್ಕುಗಳಲ್ಲಿ ನಮೂದಿಸುವಂತೆ ಅರ್ಜಿ ಕೊಡಬೇಕು. ಉದ್ಯೋಗ ಖಾತ್ರಿ ಯೋಜನೆಯಡಿ ಹಲವು ಗ್ರಾಮಗಳಲ್ಲಿ ಹೊಲದ ದಾರಿಗಳಿಗೆ ಮಣ್ಣು ಬಿದ್ದಿತು; ಎರಡೂ ಕಡೆಯವರ ಒಪ್ಪಿಗೆ ಕಾಗದದಲ್ಲಿ ಇಲ್ಲದ ಕಡೆ ಆ ಕೆಲಸ ಅರ್ಧಕ್ಕೆ ನಿಂತದ್ದೂ ಉಂಟು.

ಪೊಲೀಸ್ ಇಲಾಖೆಯಿಂದ ಕೇಳಬೇಕಾದ್ದು ಹೆಚ್ಚೇನೂ ಇಲ್ಲ. ದಾರಿಯ ಅರ್ಜಿ ಬಂದ ಒಂದು ವಾರದೊಳಗೆ ಒಬ್ಬ ಸಿಬ್ಬಂದಿ ಸ್ಥಳಕ್ಕೆ ಹೋಗಿ ನೋಡಿ, ಜಾಡು ಇದೆಯೇ, ತಡೆ ಹೊಸದೋ ಹಳೆಯದೋ, ಕೊನೆಯ ಸಲ ಯಾವಾಗ ಬಳಸಿದರು ಎಂದು ಅಕ್ಕಪಕ್ಕದವರನ್ನು ಕೇಳಿ ಬರೆದು, ಆ ವರದಿಯನ್ನು ತಹಸೀಲ್ದಾರರಿಗೆ ಕಳುಹಿಸಲಿ. ಹಿಂಬರಹ ಕೊಡಲೇಬೇಕಾದರೆ, ನ್ಯಾಯಾಲಯಕ್ಕೆ ಹೋಗಿ ಎಂಬ ಒಂದೇ ಸಾಲಿನ ಬದಲು, ಇಂಥ ದಿನಾಂಕದಂದು ತಹಸೀಲ್ದಾರರಿಗೆ ವರದಿ ಕಳುಹಿಸಿದೆ, ಸಂಖ್ಯೆ ಇಂಥದು ಎಂದು ಬರೆಯಲಿ. ಆ ಸಂಖ್ಯೆ ಹಿಡಿದು ತಾಲ್ಲೂಕು ಕಚೇರಿಗೆ ಹೋದ ರೈತನನ್ನು ಅಲ್ಲಿಂದ ಮತ್ತೆ ಠಾಣೆಗೆ ಕಳುಹಿಸಲು ಯಾರಿಗೂ ಆಗುವುದಿಲ್ಲ.